ಡಾರ್ಕಸ್ ಪೆಲ್ ಬರೆಯದ ಪುಟಗಳು

“ಈ ಪುಟದಲ್ಲಿ ಮುದುಕಿಯೂ ಇಲ್ಲ, ಹಾಲೂ ಇಲ್ಲ ಮೇಡಂ,” ಅಂದ ಮಹದೇವ್.

ಕಮಲಾಕ್ಷಮ್ಮ ತಡಕಿ ಟೇಪ್ ರೆಕಾರ್ಡರಿನ ಗುಂಡಿ ಅದುಮಿದರು. ಅದರೊಳಗಿನ ಹುಡುಗಿಯ ದನಿ ಅರ್ಧ ವಾಕ್ಯಕ್ಕೆ ನಿಂತಿತು.

“ಹಿಂದಿನ ಪುಟ ನೋಡು. ಮುಂದಿನದೂ ನೋಡು.”

“ಎರಡೂ ನೋಡ್ದೆ. ಆ ವರ್ಷ ಕುರಿಗಳಿಗೆ ರೋಗ ಬಂತು, ಮಗನಿಗೆ ಜ್ವರ ಬಂತು, ದೇವರು ಕಾಪಾಡಿದ. ಇಷ್ಟೇ ಇರೋದು. ಇಂಗ್ಲಿಷಲ್ಲಿ ನಾನು ದಡ್ಡ, ನಿಮಗೇ ಗೊತ್ತು. ಆದ್ರೆ ‘ಮಿಲ್ಕ್’ ಅನ್ನೋ ಪದ ಇದ್ರೆ ಕಾಣದೇ ಇರೋಷ್ಟು ದಡ್ಡ ಅಲ್ಲ.”

ಕಮಲಾಕ್ಷಮ್ಮ ಎದ್ದರು. ಬಸವೇಶ್ವರನಗರದ ಆ ಮನೆಯ ಹಜಾರದಲ್ಲಿ ಕುರ್ಚಿಯಿಂದ ಕಿಟಕಿಯವರೆಗೆ, ಕಿಟಕಿಯಿಂದ ಕುರ್ಚಿಯವರೆಗೆ ಅವರಿಗೆ ದಾರಿ ಕಾಲಿಗೇ ಗೊತ್ತು. ಬೆಳಗಿನಿಂದ ಎಷ್ಟು ಸಲ ಓಡಾಡಿದ್ದರೋ.

ಕಣ್ಣು ಹೋದ ಮೇಲೆ ಅವರಿಗೆ ಇಂಗ್ಲಿಷ್ ಓದಿ ಹೇಳಲು ಬರುತ್ತಿದ್ದ ಶಿಲ್ಪಾ ಒಂದು ವಾರದಿಂದ ಕಾಣೆಯಾಗಿದ್ದಳು. ಫೋನು ಸತ್ತಿತ್ತು. ಠಾಣೆಯಲ್ಲಿ, “ಓದಕ್ಕೆ ಬರೋ ಹುಡುಗಿ ಬರ್ಲಿಲ್ಲ ಅನ್ನೋದು ಕಂಪ್ಲೇಂಟ್ ಆಗಲ್ಲಮ್ಮ,” ಅಂದಿದ್ದರು. ಆಗ ನೆನಪಾದವನು ಈ ಹಳೆಯ ಶಿಷ್ಯ. ವಿಜಯನಗರದಲ್ಲಿ ಬೇಕರಿಯೊಂದರ ಮೇಲೆ ಅವನದು ಒಂದೇ ಕೋಣೆಯ ಡಿಟೆಕ್ಟಿವ್ ಏಜೆನ್ಸಿ. ಮದುವೆಗೆ ಮುಂಚೆ ಗಂಡಿನ ಗುಟ್ಟು ತಿಳಿದುಕೊಡುವುದೇ ಅವನ ಮುಖ್ಯ ಕಸುಬು.

“ನಾನು ಪುಸ್ತಕ ಓದಿಸ್ತಿದೀನಿ ಅಂದ್ಕೊಂಡಿದ್ದೆ ಕಣೋ,” ಅಂದರು ಕಮಲಾಕ್ಷಮ್ಮ. “ಅವಳು ಪುಸ್ತಕಾನೇ ಓದಿಲ್ಲ.”

ಡಾರ್ಕಸ್ ಪೆಲ್ ಮುನ್ನೂರೈವತ್ತು ವರ್ಷದ ಹಿಂದೆ ಇಂಗ್ಲೆಂಡಿನ ಉತ್ತರದ ಹಳ್ಳಿಯೊಂದರಲ್ಲಿದ್ದ ವಿಧವೆ. ಹೆಂಗಸು ಬರೆಯುವುದೆಂದರೆ ನಾಲಿಗೆ ಹರಿಬಿಟ್ಟಷ್ಟೇ ಕೆಟ್ಟದ್ದೆಂದು ಜನ ನಂಬಿದ್ದ ಕಾಲ. ಅವಳು ಹೆಣ್ಣುಮಕ್ಕಳಿಗೆಂದು ತನ್ನ ಬಾಳನ್ನು ಬರೆದಿಟ್ಟಿದ್ದಳು. ಅಂಥ ಹೆಂಗಸರನ್ನು ಓದುವುದರಲ್ಲೇ ಕಾಲೇಜಿನಲ್ಲಿ ಇಂಗ್ಲಿಷ್ ಕಲಿಸುತ್ತಿದ್ದ ಕಮಲಾಕ್ಷಮ್ಮನ ಕೆಲಸದ ಬದುಕು ಕಳೆದಿತ್ತು. ಪ್ರಾರ್ಥನೆ ಬರೆಯುವ ನೆಪದಲ್ಲಿ ಗಂಡನ ಮೇಲೆ ದೂರು ಬರೆದವರು, ಅಡುಗೆಯ ಪುಸ್ತಕದ ಅಂಚಿನಲ್ಲಿ ಸತ್ತ ಕೂಸಿನ ಹೆಸರು ಬರೆದವರು. ಲಂಡನ್ನಿನಲ್ಲಿದ್ದ ಶಿಷ್ಯೆಯೊಬ್ಬಳು ಪೆಲ್‌ಳ ಹಸ್ತಪ್ರತಿಯನ್ನು ಅಚ್ಚಿನ ಅಕ್ಷರಕ್ಕಿಳಿಸಿ ಕಳಿಸಿದಾಗ ಅವರಿಗೆ ಓದಲು ಕಣ್ಣಿರಲಿಲ್ಲ. ಶಿಲ್ಪಾಳ ಬಾಯಿಂದ ಕೇಳಿ, ಟೇಪು ಮಾಡಿಕೊಂಡು, ಮತ್ತೆ ಮತ್ತೆ ಹಾಕಿಸಿಕೊಂಡು ತಮ್ಮ ಪುಸ್ತಕದ ಕೊನೆಯ ಅಧ್ಯಾಯ ಮುಗಿಸಿದ್ದರು. ಅದೀಗ ಪ್ರಕಾಶಕರ ಮೇಜಿನ ಮೇಲಿತ್ತು.

“ಇನ್ನೂ ಎರಡು ಜಾಗ ಇದೆ,” ಅಂದರು. “ಕೇಳು.”

ಗುಂಡಿ ಒತ್ತಿದರು. ಗಂಟಲಿನ ಆಳದಿಂದ ಬರುವ, ಸ್ವಲ್ಪ ಒಡೆದ ಹೆಣ್ಣು ದನಿ ಇಂಗ್ಲಿಷಿನಲ್ಲಿ ಹರಿಯಿತು. ಕಮಲಾಕ್ಷಮ್ಮ ಅದರ ಹಿಂದೆಯೇ ಕನ್ನಡದಲ್ಲಿ ಹೇಳುತ್ತ ಹೋದರು.

“‘ಕೆಳಗೆ ಕೆಂಪು ಮೆಣಸು ಬೀಸುವ ದಿನ ಮನೆಯೆಲ್ಲ ಕೆಮ್ಮುತ್ತದೆ. ಆ ದಿನ ಮೇಲಿನ ಕೋಣೆಯವಳ ಕೆಮ್ಮು ಯಾರಿಗೂ ಬೇರೆಯಾಗಿ ಕೇಳಿಸುವುದಿಲ್ಲ.’ ಆಮೇಲೆ ಇದು. ‘ಸಂಜೆ ಎದುರಿಗೆ ನಗಾರಿಯೂ ಘಂಟೆಯೂ ಮನುಷ್ಯರ ಕೈ ಸೋಕದೆ ತಾವೇ ಬಾರಿಸಿಕೊಳ್ಳುತ್ತವೆ. ಆಗ ಅವಳಿಗೆ ಹಾಲು ಕೊಡಲಾಗುತ್ತದೆ. ಅದು ಕಹಿ. ಕುಡಿದು ಅವಳು ಮರುದಿನ ಮಧ್ಯಾಹ್ನದವರೆಗೂ ಏಳುವುದಿಲ್ಲ.’”

ಮಹದೇವನ ಕುರ್ಚಿ ಕಿರುಗುಟ್ಟಿತು. “ಕೈ ಸೋಕದೆ ನಗಾರಿ?”

“ನಾನು ಅದನ್ನ ದೈವದರ್ಶನ ಅಂದ್ಕೊಂಡೆ. ಆ ಕಾಲದ ಭಕ್ತೆಯರು ಹೀಗೆ ಏನೇನೋ ಕೇಳಿಸ್ಕೊಳ್ತಿದ್ರು. ಅದರ ಮೇಲೆ ನಾಲ್ಕು ಪುಟ ಬರೆದಿದೀನಿ. ಮೆಣಸಿಗೆ ಹಡಗಿನ ವ್ಯಾಪಾರ ಅಂತ ಅಡಿಟಿಪ್ಪಣಿ ಬೇರೆ ಹಾಕಿದೀನಿ.”

“ಮೇಡಂ, ಅದು ಕರೆಂಟಿನ ನಗಾರಿ. ಸ್ವಿಚ್ ಹಾಕಿದ್ರೆ ಹೊಡ್ಕೊಳುತ್ತೆ. ಈಗ ಎಲ್ಲಾ ಗುಡೀಲೂ ಅದೇ.”

“ನನಗೂ ನಿನ್ನೆ ರಾತ್ರಿ ಹೊಳೀತು. ನಿದ್ದೆ ಬರಲಿಲ್ಲ.”

ಕಮಲಾಕ್ಷಮ್ಮ ಕಿಟಕಿಯ ಸರಳು ಹಿಡಿದು ನಿಂತರು. ಶಿಲ್ಪಾ ಒಬ್ಬಳೇ ಬಂದ ದಿನವೇ ಇರಲಿಲ್ಲ. ಅವಳ ಮೈದುನ ವೀರೇಶ ಜೊತೆಗೆ ಬಂದು ಇದೇ ಹಜಾರದಲ್ಲಿ ಕೂತು, ಅವಳನ್ನು ಕರೆದುಕೊಂಡೇ ಹೋಗುತ್ತಿದ್ದ. ಅವನ ಮುಂದೆ ಅವಳು ಕನ್ನಡದಲ್ಲಿ ಉಸಿರೆತ್ತುವಂತಿರಲಿಲ್ಲ. ‘ಈ ಹೆಂಗಸರು ನೇರ ಹೇಳೋಲ್ಲ ಕಣೇ, ಹೇಳಬಾರದ್ದನ್ನ ಬೇರೆಯವಳ ಬಾಯಲ್ಲಿ ಇಟ್ಟು ಹೇಳ್ತಾರೆ’ ಎಂದು ತಾವೇ ಅವಳಿಗೆ ಪಾಠ ಮಾಡಿದ್ದರು. ಹುಡುಗಿ ಪಾಠವನ್ನು ಚೆನ್ನಾಗಿಯೇ ಕಲಿತಿದ್ದಳು.

“ವಿಜಯನಗರದ ಕಡೆಯಿಂದ ಬರ್ತೀನಿ ಅಂದಿದ್ಲು, ಅಲ್ವಾ? ಖಾರದ ಪುಡಿ ಮಾಡೋ ಮಿಲ್ಲು ಕೆಳಗೆ, ಮನೆ ಮೇಲೆ, ಎದುರಿಗೆ ಗುಡಿ,” ಅಂದ ಮಹದೇವ್. “ಮಾರೇನಹಳ್ಳೀಲಿ ಒಂದಿದೆ. ನಮ್ಮನೆಯೋರು ಸಾರಿನ ಪುಡಿ ಬೀಸೋಕೆ ಕೊಡೋದು ಅಲ್ಲೇ. ತೂಕಕ್ಕೆ ನಿಲ್ಲೋ ಹುಡುಗನ ಹೆಸರು…”

ಅವನು ತಡೆದ.

“ಹೇಳು.”

“ವೀರೇಶ.”

ಕಮಲಾಕ್ಷಮ್ಮ ಗೋಡೆಗೆ ಒರಗಿಸಿದ್ದ ಕೋಲು ಎತ್ತಿಕೊಂಡರು. “ನಡಿ.”

*

ಮಿಲ್ಲಿನ ಸದ್ದು ಕಾರಿನ ಬಾಗಿಲು ತೆಗೆಯುವ ಮೊದಲೇ ಕಿವಿಗೆ ಬಿತ್ತು. ಘಾಟು ಮೂಗಿಗೆ ಹತ್ತಿತು. ಕಮಲಾಕ್ಷಮ್ಮ ಸೆರಗಿನಿಂದ ಮೂಗು ಮುಚ್ಚಿಕೊಂಡು, ತಾವು ಕಿವಿಯಲ್ಲಿ ಅಷ್ಟು ದಿನ ಕೇಳಿದ್ದ ಡಾರ್ಕಸ್ ಪೆಲ್‌ಳ ಹಳ್ಳಿಯೊಳಗೆ ಕಾಲಿಟ್ಟರು.

ಮಹದೇವ್ ಮೊದಲು ಗುಡಿಯ ಮುಂದೆ ಹೂವು ಕಟ್ಟುವವಳನ್ನು ಮಾತಾಡಿಸಿ ಬಂದ.

“ಕಟ್ಟಡ ಪಾಪಮ್ಮ ಅನ್ನೋ ಮುದುಕೀದು. ಗಂಡ ಇಲ್ಲ, ಮಕ್ಕಳಿಲ್ಲ. ಮೇಲ್ಗಡೆ ಕೋಣೇಲಿ ಇರ್ತಾರೆ. ಮಿಲ್ಲು, ಮನೆ ಎರಡೂ ಬಾಡಿಗೆಗೆ ಇರೋದು ಕೊಟ್ರಪ್ಪ, ಕೊಟ್ಟೂರಿನ ಕಡೆಯೋರು. ವೀರೇಶ ಅವರ ಚಿಕ್ಕ ಮಗ. ಪಾಪಮ್ಮ ಬಿದ್ದು ಸೊಂಟ ಮುರ್ಕೊಂಡ ಮೇಲೆ ಕೆಳಗಿಳಿದೇ ಇಲ್ವಂತೆ. ಈಗ ತಂಗಿ ಊರಿಗೆ ಹೋಗಿದಾರೆ ಅಂತ ಇವರು ಹೇಳ್ತಾರಂತೆ.”

“ಸೊಂಟ ಮುರಿದೋರು ಹೇಗೆ ಹೋದ್ರು?”

“ಅದನ್ನೇ ಹೂವು ಕಟ್ಟೋಳೂ ಕೇಳಿದ್ದು.”

ಮೆಟ್ಟಿಲು ಹತ್ತಿ ಮಹದೇವ್ ಬಾಗಿಲು ತಟ್ಟಿದ. ಬಾಗಿಲು ತೆರೆದವರು ಕೊಟ್ರಪ್ಪನೇ. ಐವತ್ತು ದಾಟಿದ ದನಿ, ನಿಧಾನದ್ದು.

“ಬರ್ರಿ, ಬರ್ರಿ ಮೇಡಂ. ಮೆಟ್ಟಿಲು ಐತಿ, ಸಾವಕಾಶ. ಕುಂದರ್ರಿ. ಚಾ ಮಾಡಸ್ತೀನಿ.”

“ಚಹಾ ಬೇಡ. ನಿಮ್ಮ ಸೊಸೆ ಶಿಲ್ಪಾ ನಮ್ಮನೆಗೆ ಓದಕ್ಕೆ ಬರ್ತಿದ್ಲು. ಒಂದು ವಾರ ಆಯ್ತು, ಬಂದಿಲ್ಲ. ನೋಡ್ಕೊಂಡು ಹೋಗೋಣ ಅಂತ ಬಂದೆ. ಇವರು ನನ್ನ ಜೊತೆ ಬಂದೋರು.”

ಕೊಟ್ರಪ್ಪ ಎದುರಿಗೆ ಕುರ್ಚಿ ಎಳೆದುಕೊಂಡು ಕೂತರು.

“ಆಕಿಗೆ ಮೈಯಾಗ ಆರಾಮಿಲ್ರಿ,” ಅಂದಿತು ಇನ್ನೊಂದು ದನಿ, ಒಳಬಾಗಿಲ ಕಡೆಯಿಂದ. ಕಮಲಾಕ್ಷಮ್ಮನಿಗೆ ಅದು ಗೊತ್ತು. ತಮ್ಮ ಹಜಾರದಲ್ಲಿ ಪೇಪರು ಮಗುಚುತ್ತ ಕೂರುತ್ತಿದ್ದ ವೀರೇಶನ ದನಿ.

“ಹಾಗಿದ್ರೆ ನೋಡಿ ಹೋಗ್ತೀನಿ.”

“ಯಾಕ ತ್ರಾಸ್ ತಗೋತೀರಿ, ನಾನ ನಾಳೆ…”

“ವೀರೇಶ,” ಅಂದರು ಕೊಟ್ರಪ್ಪ. “ಕರಿ ಆಕೀನ.”

ಬಳೆಯ ಸದ್ದು ಬಂತು. ಸೀರೆಯ ಸರಪರ ಹತ್ತಿರವಾಗಿ ನಿಂತಿತು.

“ಶಿಲ್ಪಾ,” ಅಂದರು ಕಮಲಾಕ್ಷಮ್ಮ, ದನಿಯನ್ನು ಆದಷ್ಟು ಸಹಜವಾಗಿಟ್ಟುಕೊಂಡು. “ಹೇಗಿದೀಯಾ?”

“ಆರಾಮದೀನ್ರಿ ಮೇಡಂ. ಸ್ವಲ್ಪ ಜ್ವರ ಇತ್ರಿ.”

ಎಳೆಯ, ಮೂಗಿನಲ್ಲಿ ಹೊರಡುವ ದನಿ. ಕಮಲಾಕ್ಷಮ್ಮ ಕೈ ಚಾಚಿದರು. ಒಂದು ಕೈ ಬಂದು ಅವರ ಕೈಗೆ ಸಿಕ್ಕಿತು. ಅದು ತಣ್ಣಗಿತ್ತು.

“ಮಹದೇವ್,” ಅಂದರು ಅವರು, ಆ ಕೈಯನ್ನು ಬಿಡದೆ. “ಇವಳಲ್ಲ.”

“ಮೇಡಂ.” ಮಹದೇವ್ ಅವರ ಕಿವಿಗೆ ಬಗ್ಗಿದ. “ಗೋಡೆ ಮೇಲೆ ಮದುವೆ ಫೋಟೋ ಇದೆ. ಕೆಳಗೆ ಹೆಸರೂ ಇದೆ. ಇವರೇ ಶಿಲ್ಪಾ. ಅದರಲ್ಲಿ ಅನುಮಾನ ಇಲ್ಲ.”

ಅಷ್ಟು ಮಧ್ಯಾಹ್ನಗಳು ತಮ್ಮ ಪಕ್ಕದ ಕುರ್ಚಿಯಲ್ಲಿ ಕೂತವಳ ಹೆಸರೂ ತಮಗೆ ಗೊತ್ತಿರಲಿಲ್ಲ.

“ನೀನು ಎಲ್ಲಿವರೆಗೆ ಓದಿದೀಯಮ್ಮ?” ಅಂದರು.

“ಏಳನೇತ್ತ ಮಟ ರಿ.” ಹುಡುಗಿ ಕೈ ಬಿಡಿಸಿಕೊಂಡಳು. “ಮಾವಾರು ಹೇಳು ಅಂದ್ರು, ಹೇಳಿದೆ ರಿ.”

“ಒಳಗ ಹೋಗವ್ವಾ,” ಅಂದರು ಕೊಟ್ರಪ್ಪ. ಗದರಲಿಲ್ಲ. ಬಳೆಯ ಸದ್ದು ದೂರವಾಯಿತು. ಆಮೇಲೆ ಮೆಟ್ಟಿಲ ಕಡೆಯ ಬಾಗಿಲು ಮುಚ್ಚಿದ ಸದ್ದಾಯಿತು, ಚಿಲಕ ಬಿತ್ತು. ಮಹದೇವ್ ಎದ್ದು ನಿಂತದ್ದು ಗೊತ್ತಾಯಿತು.

“ಹೆದರಬ್ಯಾಡ್ರಿ. ಕೆಳಗ ಗಿರಾಕಿ ಅದಾರ, ಮಾತು ಹೊರಗ ಹೋಗ್ತದ,” ಅಂದರು ಕೊಟ್ರಪ್ಪ. “ಈಗ ನಾನ ನಿಮಗ ಕೇಳ್ತೀನಿ ಮೇಡಂ. ಆಕಿ ಎಲ್ಲಿ ಅದಾಳ?”

“ಯಾರು?”

“ದಾನಮ್ಮ. ನಿಮ್ಮ ಮನಿಗೆ ಬರ್ತಿದ್ದಾಕಿ. ಓನರ್ ಅಮ್ಮಾರನ್ನ ನೋಡ್ಕೊಳ್ಳಾಕ ಹೋಮ್ ನರ್ಸ್ ಬ್ಯೂರೋದಿಂದ ಕರಸಿದ್ವಿ. ಇಂಗ್ಲಿಷ್ ಎಂ.ಎ. ಮಾಡ್ಯಾಳಂತ, ಕೆಲಸ ಸಿಗಲಿಲ್ಲಂತ. ಮಧ್ಯಾಹ್ನ ಅಮ್ಮಾರು ಮಲಗಿರ್ತಾರ, ಎರಡು ತಾಸು ಎಲ್ಲೆರ ಓದಿ ಬರ್ತೀನಿ ಅಂದ್ಲು. ಬ್ಯೂರೋದವ್ರಿಗೆ ಗೊತ್ತಾಗಬಾರದು ಅಂತ ನಮ್ಮ ಸೊಸಿ ಹೆಸರು ಹೇಳ್ಯಾಳ.”

“ಮಧ್ಯಾಹ್ನದವರೆಗೂ ಆಯಮ್ಮ ಮಲಗಿರೋದು ನಿಮಗೆ ಆಶ್ಚರ್ಯ ಆಗಲಿಲ್ವಾ?”

“ವಯಸ್ಸಾದವರು ರಿ.”

“ಅವರಿಗೆ ರಾತ್ರಿ ಹಾಲು ಕೊಡ್ತಿದ್ದೋರು ಯಾರು?”

“ಆಕೀನ.” ಉತ್ತರ ತಡವಾಗಲಿಲ್ಲ. “ಹಾಲು, ಗುಳಗಿ, ಎಲ್ಲಾ ಆಕಿ ಕೈಯಿಂದನ. ಮ್ಯಾಲಿನ ಖೋಲಿ ಕೀಲಿನೂ ಆಕಿ ಹತ್ರನ ಇತ್ತು. ನಮ್ಮ ಮನಿಯವ್ರು ಯಾರೂ ಮ್ಯಾಲ ಹೋಗ್ತಿರ್ಲಿಲ್ಲ.”

ಕಮಲಾಕ್ಷಮ್ಮನಿಗೆ ನೀರು ಕೇಳಬೇಕೆನ್ನಿಸಿತು, ಆದರೆ ಈ ಮನೆಯಲ್ಲಿ ಏನನ್ನೂ ಕುಡಿಯಲು ಮನಸ್ಸಾಗಲಿಲ್ಲ.

“ಅಷ್ಟು ನಂಬಿ ಕೀಲಿ ಕೊಟ್ಟೋರು ಅವಳ ಹಿಂದೆ ಮಗನ್ನ ಕಾವಲು ಯಾಕೆ ಕಳಿಸ್ತಿದ್ರಿ?”

ಕೆಳಗೆ ಮಿಲ್ಲು ನಿಂತಿತು. ಮನೆಗೆ ಮನೆಯೇ ಕಿವಿಗೊಟ್ಟಂತಿತ್ತು.

“ಮೊದಲ ನಂಬಿದ್ವಿ,” ಅಂದರು ಕೊಟ್ರಪ್ಪ. “ಆಮ್ಯಾಲ ನಂಬಲಿಲ್ಲ.”

“ಏನಾಯ್ತು ಮಧ್ಯ?”

“ಅದು ಬಿಡ್ರಿ. ಹೋದ ಸೋಮವಾರ ಮುಂಜಾನೆ ನೋಡಿದ್ರ ಖೋಲಿ ಖಾಲಿ. ಆಕಿನೂ ಇಲ್ಲ, ಅಮ್ಮಾರೂ ಇಲ್ಲ. ಎದ್ದು ಕುಂದ್ರಾಕ ಆಗದ ಮುದುಕಿ. ಪೊಲೀಸ್ರಿಗೆ ಹೇಳಿದ್ರ ಬಾಡಿಗಿದಾರನ ಕುತ್ತಿಗಿಗೇ ಬರ್ತದ ಅಂತ ತಂಗಿ ಊರಿಗೆ ಹೋಗ್ಯಾರ ಅಂತ ಹೇಳೀವಿ.”

“ಮೇಲಿನ ಕೋಣೆ ನೋಡ್ತೀನಿ,” ಅಂದ ಮಹದೇವ್.

“ನೋಡ್ರಿ. ವೀರೇಶ, ಕರ್ಕೊಂಡು ಹೋಗು.”

ಎರಡು ಜೊತೆ ಹೆಜ್ಜೆ ಮೇಲೆ ಹೋದವು. ಕಮಲಾಕ್ಷಮ್ಮ ಕೊಟ್ರಪ್ಪನ ಜೊತೆ ಉಳಿದರು. ಕೋಲಿನ ಹಿಡಿಯನ್ನು ಒಂದು ಕೈಯಿಂದ ಇನ್ನೊಂದಕ್ಕೆ ಬದಲಿಸುತ್ತಲೇ ಇದ್ದರು.

ಕೊಟ್ರಪ್ಪ ಕುರ್ಚಿಯನ್ನು ಮುಂದಕ್ಕೆ ಎಳೆದುಕೊಂಡ ಸದ್ದಾಯಿತು. “ಆಕಿ ಓದಿದ್ದನ್ನ ನೀವು ಟೇಪು ಮಾಡ್ಕೊಂತಿದ್ರಂತ. ವೀರೇಶ ಹೇಳ್ಯಾನ.”

“ಹೌದು.”

“ಅವು ನಮಗ ಬೇಕ್ರಿ.”

“ಅವು ನನ್ನ ಕೆಲಸದ್ದು. ಕೊಡಕ್ಕಾಗಲ್ಲ.”

“ನಿಮ್ಮ ಕೆಲಸದ್ದು ಹೌದೋ ಅಲ್ಲೋ, ನಿಮಗ ಗೊತ್ತಾಗೇ ಇಲ್ಲಿಗೆ ಬಂದೀರಿ.” ಆ ದನಿಯಲ್ಲಿ ಕೋಪವಿರಲಿಲ್ಲ. “ಮೇಡಂ, ನಿಮಗ ಕಣ್ಣು ಕಾಣಂಗಿಲ್ಲ. ಮನ್ಯಾಗ ಕೆಲಸದಾಕಿ ಬಿಟ್ರ ನೀವು ಒಬ್ರ. ಬಾಗಿಲಾ ಹಾಕ್ಕೊಂಡಿರ್ರಿ. ನಿಮಗಂತ ಹೇಳಾಕತ್ತೀನಿ.”

ಬೆದರಿಕೆಯೋ ಎಚ್ಚರಿಕೆಯೋ ತಿಳಿಯಲಿಲ್ಲ. ಬರಹದಲ್ಲಾಗಿದ್ದರೆ ಎರಡು ಸಲ ಓದಿಸಿ ಅಳೆಯಬಹುದಿತ್ತು.

*

“ಕೋಣೆ ತೊಳೆದು ಒರೆಸಿದಾರೆ,” ಅಂದ ಮಹದೇವ್, ಕಾರನ್ನು ಗಲ್ಲಿಯಿಂದ ಹೊರಗೆ ತೆಗೆಯುತ್ತ. “ಹಾಸಿಗೆ ಇಲ್ಲ. ಒಂದು ಮಾತ್ರೆ ಚೂರೂ ಇಲ್ಲ. ಕಿಟಕಿಗೆ ಹೊರಗಡೆಯಿಂದ ಹೊಸ ಹಲಗೆ ಹೊಡೆದಿದಾರೆ.”

“ಹೊರಗಡೆಯಿಂದ?”

“ಹೂಂ. ವೀರೇಶನ್ನ ಕೇಳ್ದೆ. ಕೋತಿ ಕಾಟ ಅಂದ.”

ಕಾರು ಸಿಗ್ನಲ್ಲಿನಲ್ಲಿ ನಿಂತಿತು, ಹೊರಟಿತು, ಮತ್ತೆ ನಿಂತಿತು. ಹಿಂದಿನ ಬಸ್ಸು ಹಾರನ್ನು ಬಿಡದೆ ಒತ್ತುತ್ತಿತ್ತು.

“ಏನ್ ಮೇಡಂ ಯೋಚನೆ?”

“ಆ ಹುಡುಗಿ ಕಷ್ಟದಲ್ಲಿದಾಳೆ, ಯಾರೋ ಅವಳನ್ನ ಏನೋ ಮಾಡಿದಾರೆ ಅಂತಲೇ ಹುಡುಕ್ತಿದ್ವಿ, ಅಲ್ವಾ? ಆದ್ರೆ ಟೇಪಲ್ಲಿ ಎಲ್ಲೂ ಯಾರು ಹಾಲು ಕೊಟ್ರು ಅಂತ ಅವಳು ಹೇಳಿಲ್ಲ. ‘ಕೊಡಲಾಗುತ್ತದೆ’ ಅಂತ ಇದೆ. ‘ಬಾಗಿಲು ಹಾಕಲಾಗುತ್ತದೆ’ ಅಂತ ಇದೆ. ಕರ್ತೃ ಇಲ್ಲ.”

“ಅಂದ್ರೆ?”

“ಭಯದಿಂದ ಹೆಸರು ನುಂಗಿರಬಹುದು. ಇಲ್ಲಾ ಅದು ಅವಳದೇ ಹೆಸರಾಗಿರಬಹುದು. ತಪ್ಪೊಪ್ಪಿಗೆ ಬರೆಯೋರೂ ಹೀಗೇ ಬರೀತಾರೆ ಕಣೋ.”

ಮಹದೇವ್ ನಿಟ್ಟುಸಿರು ಬಿಟ್ಟ. “ಹಂಗಾದ್ರೆ ಕೊಟ್ರಪ್ಪ ಹೇಳಿದ್ದೇ ನಿಜಾನಾ?”

“ಕಿಟಕಿಗೆ ಹಲಗೆ ಹೊಡೆಸಿದ ಮನುಷ್ಯ ನಿಜ ಹೇಳ್ತಾನೆ ಅಂತ ನಾನು ಹೇಳ್ಲಿಲ್ಲ.”

“ನಾಳೆ ಬ್ಯೂರೋಗೆ ಹೋಗ್ತೀನಿ. ದಾನಮ್ಮನ ಊರು, ಫೋಟೋ ಸಿಗುತ್ತೆ. ಇವತ್ತು ನಿಮ್ಮನೇಲಿ ನಾನೇ ಇರ್ತೀನಿ. ಟೇಪು ಬೇಕು ಅಂದ ಅಂದ್ರೆ ಸುಮ್ನೆ ಬಿಡಲ್ಲ.”

“ಇರು,” ಅಂದರು ಕಮಲಾಕ್ಷಮ್ಮ. ಎರಡನೇ ಸಲ ಹೇಳಿಸಿಕೊಳ್ಳದೆ ಒಪ್ಪಿದ್ದು ಅವರಿಗೇ ಅಚ್ಚರಿಯಾಯಿತು.

ಬಸವೇಶ್ವರನಗರಕ್ಕೆ ಬಂದಾಗ ಬೀದಿಯಲ್ಲಿ ದೀಪ ಹಚ್ಚುವ ಹೊತ್ತಿನ ಸದ್ದುಗಳಿದ್ದವು. ಗೇಟಿನಲ್ಲೇ ಕೆಲಸದ ರಾಮಮ್ಮ ಅವರ ತೋಳು ಹಿಡಿದುಕೊಂಡಳು. ಹಿಡಿತ ಬಿಗಿಯಾಗಿತ್ತು.

“ಅಮ್ಮಾ, ಶಿಲ್ಪಮ್ಮ ಬಂದವ್ರೆ. ಆಟೋದಲ್ಲಿ. ನೀವಿಲ್ಲ ಅಂದೆ, ಕೇಳ್ಲಿಲ್ಲ. ನಿಮ್ಮ ರೂಮಿಗೇ ಹೋಗವ್ರೆ.”

“ಆ ಹುಡುಗ ಜೊತೇಲಿದಾನಾ?”

“ಇಲ್ಲ ಕಣಮ್ಮ. ಅವನಿಲ್ಲ. ಆದ್ರೆ…”

“ಶ್,” ಅಂದ ಮಹದೇವ್. ಅವನು ಆಗಲೇ ಮೆಟ್ಟಿಲ ಮೇಲಿದ್ದ. ಕಮಲಾಕ್ಷಮ್ಮ ಅವನ ಹೆಜ್ಜೆಯ ಕಡೆಗೆ ಕೋಲು ಚಾಚಿ ತಡೆದರು.

“ನೀನು ಹಜಾರದಲ್ಲಿರು. ನಿನ್ನನ್ನ ನೋಡಿದ್ರೆ ಅವಳು ಬಾಯಿ ಬಿಡಲ್ಲ.”

“ಮೇಡಂ, ಈಗತಾನೆ ನೀವೇ ಹೇಳಿದ್ರಿ…”

“ಹೇಳಿದ್ದು ನೆನಪಿದೆ. ಬಾಗಿಲು ತೆಗೆದೇ ಇರುತ್ತೆ. ಕೂಗಿದ್ರೆ ಬಾ.”

ಅವರು ಒಬ್ಬರೇ ಒಳಗೆ ಹೋದರು. ಕೋಣೆಯ ಹೊಸ್ತಿಲಲ್ಲಿ ನಿಂತು ಕೇಳಿಸಿಕೊಂಡರು. ಫ್ಯಾನು ತಿರುಗುತ್ತಿತ್ತು. ಔಷಧಿ ಎಣ್ಣೆಯ ವಾಸನೆ ಬಂತು, ಬಹಳ ದಿನ ಹಾಸಿಗೆಯಲ್ಲೇ ಮಲಗಿದ ಮೈಯ ವಾಸನೆಯೂ ಬಂತು.

“ದಾನಮ್ಮ,” ಅಂದರು.

ಯಾರೋ ಉಸಿರು ಹಿಡಿದರು.

“ಹೆಸರು ಗೊತ್ತಾತಲ್ರಿ.” ಅದೇ ದನಿ, ಗಂಟಲಿನ ಆಳದ್ದು, ಸ್ವಲ್ಪ ಒಡೆದದ್ದು. ಆದರೆ ಅದು ಕನ್ನಡದಲ್ಲಿ ಇಷ್ಟು ಬಿಡಿಸಿ ಮಾತಾಡಿದ್ದನ್ನು ಕಮಲಾಕ್ಷಮ್ಮ ಇದೇ ಮೊದಲು ಕೇಳುತ್ತಿದ್ದರು. “ತಪ್ಪು ತಿಳೀಬ್ಯಾಡ್ರಿ ಮೇಡಂ. ಇಷ್ಟು ದಿನ ಅಲ್ಲಿ ಇಲ್ಲಿ ಅಡಗಿದ್ವಿ, ಇನ್ನ ಬ್ಯಾರೆ ಕಡೆ ಜಾಗ ಇರ್ಲಿಲ್ಲ. ನೀವು ಒಬ್ರ ಆದ್ರೂ ಕೇಳಿರ್ತೀರಿ ಅಂತ ಬಂದೆ.”

“ಪಾಪಮ್ಮ ಎಲ್ಲಿ?”

“ಸತ್ತಿಲ್ರಿ. ನಾ ಉಳಿಸ್ಕೊಂಡು ಬಂದೀನಿ. ನಿಮ್ಮ ಮಂಚದ ಮ್ಯಾಲ ಅದಾರ.”

ಆಗ ಕಮಲಾಕ್ಷಮ್ಮನಿಗೆ ಫ್ಯಾನಿನ ಸದ್ದಿನ ಕೆಳಗೆ ಇನ್ನೊಂದು ಉಸಿರು ಕೇಳಿಸಿತು. ಸಣ್ಣದು, ತಡೆತಡೆದು ಬರುವಂಥದ್ದು. ಅವರು ಮಂಚದ ಅಂಚು ಹುಡುಕಿ ಕೂತರು. ಹೊದಿಕೆಯಡಿಯಿಂದ ಎಲುಬಿನ ಕೈಯೊಂದು ಹೊರಬಂದು ಅವರ ಮಣಿಕಟ್ಟನ್ನು ಹಿಡಿಯಿತು.

“ನೀರು ತರ್ತೀನ್ರಿ,” ಅಂದಳು ದಾನಮ್ಮ. ಹೆಜ್ಜೆ ಬಾಗಿಲ ಕಡೆಗೆ ಸರಿಯಿತು.

ಎಲುಬಿನ ಕೈ ಕಮಲಾಕ್ಷಮ್ಮನನ್ನು ಕೆಳಕ್ಕೆ ಜಗ್ಗಿತು, ಬಿಸಿಯುಸಿರು ಕಿವಿಗೆ ತಾಗುವಷ್ಟು ಹತ್ತಿರಕ್ಕೆ.

“ಯಾರ್ ತಾಯೀ ನೀನು,” ಅಂದಿತು ಮುದಿದನಿ. “ಇವಳ್ ಕೈಗೆ ನನ್ನ ಬುಟ್ಬುಟ್ಟು ಹೋಗಬ್ಯಾಡ.”